ಆ ರಾತ್ರಿ ಅವನ ನೆರೆಯವನು ಯಾರು? – ರುಮೇನಿಯಾದ ಚಿತ್ರಕಥೆಗಾರ ರಜ್ವಾನ್ ರದುಲೆಸ್ಕು ಅವರ ಬರಹಲೋಕ



ಸಿನಿಮಾ ನೋಡಿ ಹೊರಬಂದಾಗ ನಾವು ನಟನಟಿಯರ ಬಗ್ಗೆ ಮಾತನಾಡುತ್ತೇವೆ. ಹಾಡುಗಳು ಇಂಪಾಗಿದ್ದರೆ ಸಂಗೀತ ನಿರ್ದೇಶಕರನ್ನು ನೆನೆಯುತ್ತೇವೆ. ಸ್ವಲ್ಪ ತಿಳಿದವರು ನಿರ್ದೇಶಕರ ಹೆಸರನ್ನೂ ಹೇಳುತ್ತಾರೆ. ಆದರೆ ಕಥೆಯನ್ನು ದೃಶ್ಯ ದೃಶ್ಯವಾಗಿ ಕಟ್ಟಿ, ಯಾರು ಯಾವಾಗ ಬಾಗಿಲು ತಟ್ಟಬೇಕು, ಯಾರು ಏನು ಹೇಳಿ ಜಾರಿಕೊಳ್ಳಬೇಕು ಎಂಬುದನ್ನೆಲ್ಲ ಮೊದಲೇ ಕಾಗದದ ಮೇಲೆ ಕಂಡವನೊಬ್ಬನಿರುತ್ತಾನೆ. ಅವನು ಚಿತ್ರಕಥೆಗಾರ. ಅವನ ಹೆಸರು ಪರದೆಯ ಮೇಲೆ ಒಂದೆರಡು ಕ್ಷಣ ಮೂಡಿ ಮರೆಯಾಗುತ್ತದೆ. ನಮ್ಮ ನೆನಪಿನಲ್ಲಿ ಅದಕ್ಕೆ ಜಾಗವಿಲ್ಲ.

ಅಂಥ ಒಬ್ಬ ಬರಹಗಾರನನ್ನು ಈ ತಿಂಗಳು ನಿಮಗೆ ಪರಿಚಯಿಸಬೇಕೆಂದಿದ್ದೇನೆ. ಅವರು ರುಮೇನಿಯಾ ದೇಶದ ರಜ್ವಾನ್ ರದುಲೆಸ್ಕು. ಅವರ ಚಿತ್ರಗಳಲ್ಲಿ ಉಪದೇಶವಿಲ್ಲ, ಪವಾಡವಿಲ್ಲ. ಆದರೂ ಸದಯ ಸಮಾರಿಯದವನ ಸಾಮತಿಯನ್ನು ಮೂವತ್ತು ವರ್ಷ ಪೀಠದ ಬಳಿ ನಿಂತು ವಿವರಿಸಿದ ನನಗೆ, ಆ ಸಾಮತಿಯಲ್ಲಿ ನನ್ನ ಸ್ಥಾನ ಎಲ್ಲಿದೆ ಎಂಬುದನ್ನು ತೋರಿಸಿಕೊಟ್ಟವರು ಅವರೇ. ಅದು ಹೇಗೆಂಬುದನ್ನು ಮುಂದೆ ಹೇಳುತ್ತೇನೆ.

ಬಾಲ್ಯ ಮತ್ತು ಬರಹ

ರದುಲೆಸ್ಕು ಹುಟ್ಟಿದ್ದು 1969ರಲ್ಲಿ, ರಾಜಧಾನಿ ಬುಕಾರೆಸ್ಟ್‌ನಲ್ಲಿ. ಅದು ನಿಕೊಲಾಯ್ ಚೌಷೆಸ್ಕುವಿನ ಸರ್ವಾಧಿಕಾರದ ಕಾಲ. ರಹಸ್ಯ ಪೊಲೀಸರ ಭಯ ಮನೆಮನೆಯಲ್ಲೂ ಇತ್ತು. 1980ರ ದಶಕದಲ್ಲಿ ದೇಶದ ವಿದೇಶಿ ಸಾಲವನ್ನು ತೀರಿಸುವ ಹಟಕ್ಕೆ ಬಿದ್ದ ಸರ್ಕಾರ ಆಹಾರಕ್ಕೆ ಪಡಿತರವನ್ನು ವಿಧಿಸಿತು. ಕೊರೆಯುವ ಚಳಿಯಲ್ಲೂ ಮನೆಗಳಿಗೆ ಸಾಕಷ್ಟು ವಿದ್ಯುತ್ತಾಗಲಿ ಶಾಖವಾಗಲಿ ದೊರೆಯುತ್ತಿರಲಿಲ್ಲ. 1989ರ ಡಿಸೆಂಬರಿನಲ್ಲಿ ಜನ ಬೀದಿಗಿಳಿದರು. ಆ ವರ್ಷದ ಕ್ರಿಸ್ತಜಯಂತಿಯ ದಿನವೇ ಚೌಷೆಸ್ಕು ದಂಪತಿಗಳನ್ನು ಗುಂಡಿಟ್ಟು ಕೊಲ್ಲಲಾಯಿತು. ಆಗ ರದುಲೆಸ್ಕುವಿಗೆ ಇಪ್ಪತ್ತು ವರ್ಷ. ಭಯದಲ್ಲಿ ಬೆಳೆದು, ಸ್ವಾತಂತ್ರ್ಯದಲ್ಲಿ ಪ್ರಾಯಕ್ಕೆ ಬಂದ ತಲೆಮಾರು ಅವರದು.

ಅವರು ಬುಕಾರೆಸ್ಟ್‌ನಲ್ಲಿ ಸಾಹಿತ್ಯವನ್ನೂ ಆಮೇಲೆ ಸಂಗೀತ ವಿದ್ಯಾಲಯದಲ್ಲಿ ಸಂಗೀತ ನಾಟಕಗಳ ನಿರ್ದೇಶನವನ್ನೂ ಅಭ್ಯಾಸ ಮಾಡಿದರು. ಹೆಸರಾಂತ ಲೇಖಕ ಮಿರ್ಚಾ ಕರ್ತರೆಸ್ಕು ಅವರ ಸುತ್ತ ಸೇರುತ್ತಿದ್ದ ತರುಣ ಬರಹಗಾರರ ಗುಂಪಿನಲ್ಲಿ ಪಳಗಿದರು. 1997ರಲ್ಲಿ ಅವರ ಮೊದಲ ಕಾದಂಬರಿ ಪ್ರಕಟವಾಯಿತು. ಇಲಿಯೆ ಕಜಾನೆ ಎಂಬವನ ಜೀವನ ಮತ್ತು ಕಾರ್ಯಗಳು ಎಂಬುದು ಅದರ ಹೆಸರಿನ ಅರ್ಥ. ಅಸಾಮಾನ್ಯ ಟೊಮೆಟೊ ಬೆಳೆಯುವ ಒಬ್ಬ ಮನುಷ್ಯ ಅದೇ ಕಾರಣಕ್ಕೆ ಕಮ್ಯುನಿಸ್ಟ್ ಸರ್ಕಾರದ ರಹಸ್ಯ ಪೊಲೀಸರ ಸಂಶಯಕ್ಕೆ ಗುರಿಯಾಗುವ ಕಥೆ. ನಗು ಬರಿಸುತ್ತಲೇ ನಡುಕ ಹುಟ್ಟಿಸುವ ವಸ್ತು. 2006ರಲ್ಲಿ ಬಂದ ಎರಡನೆಯ ಕಾದಂಬರಿ ಪುಟ್ಟ ದೊರೆ ತೆಯೊದೋಸಿಯೆಯದು; ಗೂಬೆ, ಮೀನು, ಅರ್ಧ ಬೆಕ್ಕು ಅರ್ಧ ನಾಯಿಯಾದ ಒಂದು ಪ್ರಾಣಿ ಇವೆಲ್ಲ ಇರುವ ವಿಚಿತ್ರ ಲೋಕ. ಇದಕ್ಕೆ 2010ರಲ್ಲಿ ಯುರೋಪಿಯನ್ ಒಕ್ಕೂಟದ ಸಾಹಿತ್ಯ ಪುರಸ್ಕಾರ ದೊರೆಯಿತು.

ಇಲ್ಲೊಂದು ಕುತೂಹಲದ ಸಂಗತಿ ಇದೆ. ಕಾದಂಬರಿಗಳಲ್ಲಿ ಕಲ್ಪನೆಯ ಕುದುರೆಯನ್ನು ಹೀಗೆ ಓಡಲು ಬಿಟ್ಟವರು, ಸಿನಿಮಾಕ್ಕೆ ಬಂದಾಗ ಅದರ ಕಡಿವಾಣವನ್ನು ಬಿಗಿಯಾಗಿ ಹಿಡಿದರು. ಅಲ್ಲಿ ಅವರು ಬರೆದದ್ದು ಅಡುಗೆಮನೆಯನ್ನು, ಆಸ್ಪತ್ರೆಯ ಕಾರಿಡಾರನ್ನು, ಮೆಟ್ಟಿಲ ಮೇಲಿನ ಮಾತನ್ನು. ನಾವು ದಿನವೂ ಕಂಡು, ಕಂಡದ್ದನ್ನು ಗಮನಿಸದೆ ಮುಂದೆ ಹೋಗುವ ಬದುಕನ್ನು.

ಸಿನಿಮಾಕ್ಕೆ ಬಂದ ಬಗೆ

2001ರಲ್ಲಿ ನಿರ್ದೇಶಕ ಕ್ರಿಸ್ತಿ ಪುಯು ಅವರೊಡನೆ ಸೇರಿ ಬರೆದ ‘ಸರಕು ಮತ್ತು ಹಣ’ ಎಂಬರ್ಥದ ಚಿತ್ರ ಅವರ ಮೊದಲ ದೊಡ್ಡ ಹೆಜ್ಜೆ. ಕಪ್ಪು ಸಮುದ್ರದ ದಡದ ಕಾನ್ಸ್ತಾಂತ್ಸಾ ಪಟ್ಟಣದ ತರುಣನೊಬ್ಬ, ಸ್ವಂತ ವ್ಯಾಪಾರಕ್ಕೆ ಬಂಡವಾಳ ಬೇಕೆಂದು, ಊರಿನ ಒಬ್ಬ ಪುಂಡನ ಚೀಲವನ್ನು ಬುಕಾರೆಸ್ಟ್‌ಗೆ ತಲುಪಿಸಲು ಒಪ್ಪಿಕೊಳ್ಳುತ್ತಾನೆ. ಚೀಲದಲ್ಲಿರುವುದು ಔಷಧ ಎಂದು ಹೇಳಲಾಗಿದೆ. ಅವನು ಬಿಚ್ಚಿ ನೋಡಬಾರದು. ಒಂದು ದಿನದ ಪ್ರಯಾಣ, ಅಷ್ಟೇ. ಕೆಟ್ಟವನಾಗಬೇಕೆಂದು ಅವನು ಹೊರಟವನಲ್ಲ. ಕೇಳಬೇಕಾದ ಒಂದು ಪ್ರಶ್ನೆಯನ್ನು ಕೇಳದೆ ಬಿಟ್ಟವನು.

2003ರಲ್ಲಿ ಹಿರಿಯ ನಿರ್ದೇಶಕ ಲುಚಿಯಾನ್ ಪಿಂತಿಲಿಯೆ ಅವರಿಗಾಗಿ ಪುಯು ಮತ್ತು ರದುಲೆಸ್ಕು ಮತ್ತೊಂದು ಚಿತ್ರಕಥೆ ಬರೆದರು. ಮಗನನ್ನು ಕಳೆದುಕೊಂಡ, ಮಗಳೂ ಅಮೆರಿಕಕ್ಕೆ ಹೊರಟುನಿಂತ ನಿವೃತ್ತ ಕರ್ನಲ್ ಒಬ್ಬನ ಕಥೆ. ಬೀಗನ ಬಾಯಿಬಡುಕತನವನ್ನು ಸಹಿಸುತ್ತ ಸಹಿಸುತ್ತ ಆ ಮುದುಕನ ಒಳಗೆ ಏನಾಗುತ್ತಿದೆ ಎಂಬುದನ್ನು ಮನೆಯಲ್ಲಿ ಯಾರೂ ಗಮನಿಸುವುದಿಲ್ಲ.

ಈ ಚಿತ್ರಗಳು, ಇವುಗಳ ಬೆನ್ನಿಗೆ ಬಂದ ಇನ್ನು ಕೆಲವು, ರುಮೇನಿಯಾದ ಹೊಸ ಅಲೆ ಎಂದು ಜಗತ್ತಿನಲ್ಲಿ ಹೆಸರಾದವು. ದೀರ್ಘವಾದ ದೃಶ್ಯಗಳು, ಒಂದೆರಡು ದಿನಗಳಲ್ಲೇ ಮುಗಿಯುವ ಕಥೆ, ಕಣ್ಣೀರು ತರಿಸಲು ಹಿನ್ನೆಲೆಯಲ್ಲಿ ಪಿಟೀಲು ನುಡಿಸದಿರುವ ಸಂಯಮ ಇವು ಅವುಗಳ ಲಕ್ಷಣ.

ಒಂದು ಎಚ್ಚರಿಕೆಯ ಮಾತು ಹೇಳಬೇಕು. ನಾನಿಲ್ಲಿ ಹೆಸರಿಸುವ ಚಿತ್ರಕಥೆಗಳನ್ನು ರದುಲೆಸ್ಕು ಒಬ್ಬರೇ ಬರೆದವರಲ್ಲ. ಪುಯು, ರಾದು ಮುಂತಿಯಾನ್, ಕಲಿನ್ ಪೀಟರ್ ನೆಟ್ಸರ್ ಎಂಬ ನಿರ್ದೇಶಕರೂ ಅಲೆಕ್ಸಾಂದ್ರು ಬಾಚು ಎಂಬ ಬರಹಗಾರರೂ ಅವರೊಡನೆ ಕೈ ಕೂಡಿಸಿದ್ದಾರೆ. ಯಾವ ಮಾತು ಯಾರದು ಎಂದು ಬೇರ್ಪಡಿಸುವುದು ಸಾಧ್ಯವಿಲ್ಲ. ಆದರೆ ಬೇರೆ ಬೇರೆ ನಿರ್ದೇಶಕರ ಚಿತ್ರಗಳಲ್ಲಿ ಒಂದೇ ಪ್ರಶ್ನೆ ಮತ್ತೆ ಮತ್ತೆ ಎದ್ದು ಬರುವಾಗ, ಅವೆಲ್ಲಕ್ಕೂ ಸಮಾನವಾಗಿರುವ ಒಬ್ಬ ಬರಹಗಾರನ ಕಡೆಗೆ ನಮ್ಮ ಕಣ್ಣು ಹೊರಳುವುದು ಸಹಜ. ಸಂಕಟದಲ್ಲಿರುವವನ ಪಕ್ಕದಲ್ಲಿ ಯಾರು ಉಳಿಯುತ್ತಾರೆ, ಎದ್ದು ಹೋಗುವವರು ಏನು ಕಾರಣ ಹೇಳಿ ಹೋಗುತ್ತಾರೆ ಎಂಬುದೇ ಆ ಪ್ರಶ್ನೆ.

ಲಜರೆಸ್ಕುವಿನ ಕೊನೆಯ ರಾತ್ರಿ

2005ರಲ್ಲಿ ಪುಯು ನಿರ್ದೇಶಿಸಿದ ‘ಶ್ರೀ ಲಜರೆಸ್ಕು ಅವರ ಮರಣ’ ಚಿತ್ರವನ್ನು ಸ್ವಲ್ಪ ವಿವರವಾಗಿ ನೋಡೋಣ. ಕಾನ್ ಚಿತ್ರೋತ್ಸವದ ‘ಅನ್ ಸರ್ಟನ್ ರಿಗಾರ್ಡ್’ ವಿಭಾಗದಲ್ಲಿ ಅದಕ್ಕೆ ಪ್ರಶಸ್ತಿ ಬಂದಿತು. ಅದರ ಹಿಂದೆ ಒಂದು ನಿಜ ಘಟನೆಯಿದೆ: 1997ರಲ್ಲಿ ರುಮೇನಿಯಾದಲ್ಲಿ ರೋಗಿಯೊಬ್ಬನನ್ನು ಆಸ್ಪತ್ರೆಯಿಂದ ಆಸ್ಪತ್ರೆಗೆ ಅಲೆದಾಡಿಸಿ ಕೊನೆಗೆ ಬೀದಿಯಲ್ಲಿ ಬಿಟ್ಟುಹೋಗಿದ್ದರು, ಅವನು ಸತ್ತ.

ಚಿತ್ರದ ದಾಂತೆ ರೆಮುಸ್ ಲಜರೆಸ್ಕು ಅರವತ್ತು ದಾಟಿದ ವಿಧುರ. ಬುಕಾರೆಸ್ಟ್‌ನ ಒಂದು ಹಳೆಯ ಫ್ಲ್ಯಾಟಿನಲ್ಲಿ ಮೂರು ಬೆಕ್ಕುಗಳೊಡನೆ ವಾಸ. ಮಗಳು ಕೆನಡಾದಲ್ಲಿ. ತಂಗಿ ಬೇರೆ ಊರಿನಲ್ಲಿ. ಒಂದು ಶನಿವಾರ ಸಂಜೆ ಅವನಿಗೆ ತಲೆನೋವು, ವಾಂತಿ. ಆಂಬುಲೆನ್ಸಿಗೆ ಫೋನ್ ಮಾಡುತ್ತಾನೆ. ಅದು ಬರುವುದಿಲ್ಲ. ಎದುರು ಮನೆಯ ಗಂಡ ಹೆಂಡತಿ ಮಾತ್ರೆ ಕೊಡುತ್ತಾರೆ, ಊಟವನ್ನೂ ಕೊಡುತ್ತಾರೆ, ಜೊತೆಗೆ ಕುಡಿತದ ಬಗ್ಗೆ ಬುದ್ಧಿಮಾತನ್ನೂ ಹೇಳುತ್ತಾರೆ. ಆಂಬುಲೆನ್ಸ್ ಕೊನೆಗೂ ಬಂದಾಗ, ಜೊತೆಗೆ ಆಸ್ಪತ್ರೆಗೆ ಬರುವಿರಾ ಎಂಬ ಪ್ರಶ್ನೆ ಎದ್ದರೆ, ಅವರಿಗೆ ಬಿಡುವಿಲ್ಲ. ಅವರು ಕೆಟ್ಟವರೇ? ಅಲ್ಲ. ನಮ್ಮಂಥವರೇ.

ಅಲ್ಲಿಂದ ಮುಂದೆ ನಾಲ್ಕು ಆಸ್ಪತ್ರೆಗಳು. ಆ ರಾತ್ರಿ ನಗರದಲ್ಲಿ ದೊಡ್ಡ ಬಸ್ ಅಪಘಾತವಾಗಿದೆ; ಎಲ್ಲೆಡೆ ಗಾಯಾಳುಗಳು ತುಂಬಿದ್ದಾರೆ. ಮೊದಲನೆಯ ಆಸ್ಪತ್ರೆಯ ವೈದ್ಯ, ಕುಡುಕನೆಂದು ಬೈದು ಮುಂದಕ್ಕೆ ಕಳಿಸುತ್ತಾನೆ. ಎರಡನೆಯದರಲ್ಲಿ ಸ್ಕ್ಯಾನಿಂಗ್ ಆಗುತ್ತದೆ: ತಲೆಯಲ್ಲಿ ರಕ್ತ ಹೆಪ್ಪುಗಟ್ಟಿದೆ, ಯಕೃತ್ತಿನಲ್ಲಿ ಗಡ್ಡೆಯಿದೆ, ಕೂಡಲೇ ಶಸ್ತ್ರಚಿಕಿತ್ಸೆಯಾಗಬೇಕು, ಆದರೆ ಇಲ್ಲಿ ಜಾಗವಿಲ್ಲ. ಮೂರನೆಯದರಲ್ಲಿ ರೋಗಿಯೇ ಒಪ್ಪಿಗೆಪತ್ರಕ್ಕೆ ಸಹಿ ಹಾಕಬೇಕು ಎಂಬ ನಿಯಮ. ಅಷ್ಟರಲ್ಲಿ ಅವನ ಮಾತು ತೊದಲಿದೆ, ಬುದ್ಧಿ ಮಂಕಾಗಿದೆ. ಸಹಿ ಇಲ್ಲದೆ ಮುಟ್ಟಲಾಗದು. ಪ್ರಜ್ಞೆ ತಪ್ಪುವವರೆಗೆ ಊರೊಳಗೆ ಸುತ್ತಾಡಿಸಿ ಕರೆತಂದರೆ ಆಗ ಸಹಿ ಬೇಕಾಗುವುದಿಲ್ಲ ಎಂಬ ಸಲಹೆ ವೈದ್ಯನ ಬಾಯಿಂದಲೇ ಬರುತ್ತದೆ. ನಾಲ್ಕನೆಯದರಲ್ಲಿ ಅವನನ್ನು ಒಳಗೆ ತೆಗೆದುಕೊಳ್ಳುತ್ತಾರೆ. ಬಟ್ಟೆ ಬಿಚ್ಚಿ, ಮೈ ತೊಳೆದು, ತಲೆ ಬೋಳಿಸಿ ಶಸ್ತ್ರಚಿಕಿತ್ಸೆಗೆ ಸಿದ್ಧಗೊಳಿಸುತ್ತಾರೆ. ಡಾಕ್ಟರ್ ಅಂಗೆಲ್ ಎಂಬವರಿಗೆ ಕರೆ ಹೋಗಿದೆ. ಆ ಹೆಸರಿನ ಅರ್ಥ ದೇವದೂತ. ಚಿತ್ರ ಅಲ್ಲಿಗೆ ಮುಗಿಯುತ್ತದೆ. ಹೆಸರಿನಲ್ಲಿ ಮರಣವಿದ್ದರೂ ಪರದೆಯ ಮೇಲೆ ಮರಣವಿಲ್ಲ.

ಈ ಎರಡೂವರೆ ಗಂಟೆಯ ಚಿತ್ರದ ಮೊದಲ ದೊಡ್ಡ ಭಾಗ ಆ ಮುದುಕನ ಮನೆಯಲ್ಲೇ ನಡೆಯುತ್ತದೆ. ಏನೂ ನಡೆಯುವುದಿಲ್ಲವಲ್ಲ ಎಂದು ಅಲ್ಲಿ ಬೇಸರಿಸಿದವರಿದ್ದಾರೆ. ಮೊದಲ ಸಲ ನಾನೂ ಬೇಸರಿಸಿದೆ. ಆದರೆ ಚಿತ್ರಕಥೆಗಾರರ ನಿಜವಾದ ಕೌಶಲವಿರುವುದು ಅಲ್ಲಿಯೇ. ಅವನು ಬೆಕ್ಕುಗಳೊಡನೆ ಮಾತನಾಡುವುದನ್ನು, ಫೋನಿನಲ್ಲಿ ತಂಗಿಯೊಡನೆ ಜಗಳವಾಡುವುದನ್ನು, ಮಾತ್ರೆಗಾಗಿ ತಡಕಾಡುವುದನ್ನು ನಾವು ಕಂಡಿದ್ದೇವೆ. ಆಮೇಲೆ ಪ್ರತಿಯೊಬ್ಬ ವೈದ್ಯನೂ ಅವನನ್ನು ಹೊಸದಾಗಿ ಕಾಣುತ್ತಾನೆ: ವಾಸನೆ ಬರುವ ಒಬ್ಬ ಮುದುಕ. ನಮಗೆ ಮಾತ್ರ ಅವನು ಗೊತ್ತು. ಅವನ ಮಾತು ಅವನ ಬಾಯಿಯಲ್ಲಿ ಸಾಯುತ್ತಿರುವಾಗ, ಅವನು ಯಾರೆಂದು ಹೇಳಬಲ್ಲ ಸಾಕ್ಷಿಗಳಾಗಿ ಉಳಿಯುವವರು ಚಿತ್ರ ನೋಡುತ್ತಿರುವ ನಾವು. ಆದರೆ ನಾವು ಪರದೆಯ ಈಚೆಗಿದ್ದೇವೆ. ಆ ಅಸಹಾಯಕತೆ ಎದೆಯನ್ನು ಹಿಂಡುತ್ತದೆ.

ಆ ರಾತ್ರಿ ಅವನನ್ನು ಬಿಟ್ಟುಹೋಗದವಳು ಒಬ್ಬಳೇ: ಆಂಬುಲೆನ್ಸಿನ ನರ್ಸ್ ಮಿಯೊಆರಾ. ನಟಿ ಲುಮಿನಿತ್ಸಾ ಗಿಯೋರ್ಗಿಯು ಆ ಪಾತ್ರಕ್ಕೆ ಜೀವ ತುಂಬಿದ್ದಾರೆ. ಮಿಯೊಆರಾ ಸಂತಳಲ್ಲ. ಅವಳಿಗೂ ಹೊಟ್ಟೆನೋವಿದೆ, ಸಿಗರೇಟಿನ ಚಟವಿದೆ, ಗೊಣಗಾಟವಿದೆ. ತನಗಿಂತ ಎಷ್ಟೋ ಕಿರಿಯರಾದ ವೈದ್ಯರು ಅವಳನ್ನು ಗದರುತ್ತಾರೆ. ರೋಗದ ಬಗ್ಗೆ ಅವಳೊಂದು ಮಾತು ಆಡಿದರೆ, ವೈದ್ಯರಿಗೆ ಪಾಠ ಹೇಳುವೆಯಾ ಎಂಬ ಧಾಟಿಯಲ್ಲಿ ಹೀಯಾಳಿಸುತ್ತಾರೆ. ಅವನನ್ನು ಎಲ್ಲಾದರೂ ಇಳಿಸಿ ಮನೆಗೆ ಹೋಗಲು ಅವಳಿಗೆ ಬೇಕಾದಷ್ಟು ಕಾರಣಗಳಿದ್ದವು. ಹೋಗಲಿಲ್ಲ. ಏಕೆ ಹೋಗಲಿಲ್ಲ ಎಂಬುದನ್ನು ಚಿತ್ರ ಹೇಳುವುದಿಲ್ಲ. ಅವಳ ಬಾಯಲ್ಲಿ ದಯೆಯ ಬಗ್ಗೆ ಒಂದು ಮಾತೂ ಇಲ್ಲ. ಬೆಳಗಿನ ಜಾವ ಅವನನ್ನು ಕೊನೆಯ ಆಸ್ಪತ್ರೆಗೆ ಒಪ್ಪಿಸಿ ಅವಳು ಹೊರಡುತ್ತಾಳೆ, ಕೆಲಸ ಮುಗಿಸಿ ಹೋಗುವ ಯಾರೋ ಒಬ್ಬಳಂತೆ.

ಲಜರೆಸ್ಕು ಎಂಬ ಹೆಸರಿನೊಳಗೆ ಲಾಜರನಿದ್ದಾನೆ. ಶುಭಸಂದೇಶದಲ್ಲಿ ಇಬ್ಬರು ಲಾಜರರಿದ್ದಾರೆಂಬುದು ನಿಮಗೆ ತಿಳಿದದ್ದೇ: ಸಿರಿವಂತನ ಬಾಗಿಲಲ್ಲಿ ಹುಣ್ಣುಗಳೊಡನೆ ಬಿದ್ದಿದ್ದವನೊಬ್ಬ, ಸಮಾಧಿಯಿಂದ ಹೊರಗೆ ಬಾ ಎಂದು ಕರೆಯಲ್ಪಟ್ಟವನೊಬ್ಬ. ಮೊದಲನೆಯವನ ಕಥೆಯನ್ನು ಈ ಚಿತ್ರ ಪೂರ್ತಿಯಾಗಿ ಹೇಳುತ್ತದೆ. ಎರಡನೆಯವನ ಕಥೆಯನ್ನು ನಮ್ಮ ಹಂಬಲಕ್ಕೆ ಬಿಡುತ್ತದೆ. ದಾಂತೆ, ಅಂಗೆಲ್, ಜೊತೆಗೆ ವಿರ್ಜಿಲ್ ಎಂಬ ಹೆಸರಿನ ಭಾವ, ಇಷ್ಟೆಲ್ಲ ಸೂಚಕ ಹೆಸರುಗಳು ಬೇಕಿರಲಿಲ್ಲವೇನೋ ಎಂದು ನನಗೆ ಅನ್ನಿಸಿದ್ದುಂಟು. ಹೆಸರುಗಳ ಒಗಟು ಬಿಡಿಸುತ್ತ ಕುಳಿತರೆ ಮುಂದೆ ಮಲಗಿರುವ ಮನುಷ್ಯ ಮರೆತುಹೋಗುತ್ತಾನೆ.

ನನ್ನದೊಂದು ರಾತ್ರಿ

ಈಗ ನನ್ನ ಮಾತು. ಹಲವು ವರ್ಷಗಳ ಹಿಂದೆ ನಾನೊಂದು ಧರ್ಮಕೇಂದ್ರದಲ್ಲಿದ್ದಾಗ, ಸಂಜೆ ಏಳರ ಸುಮಾರಿಗೆ ಹುಡುಗನೊಬ್ಬ ಓಡಿಬಂದ. “ಫಾದರ್, ತಾತನಿಗೆ ಹುಷಾರಿಲ್ಲ, ಅಮ್ಮ ನಿಮ್ಮನ್ನ ಕರೀತಿದ್ದಾರೆ” ಎಂದ. ಆ ತಾತ ಆ ತಿಂಗಳಲ್ಲೇ ಎರಡು ಸಲ ಹೇಳಿಕಳಿಸಿದ್ದರು. ಎರಡು ಸಲವೂ ಹೋಗಿದ್ದೆ. ಎರಡು ಸಲವೂ ಅವರು ಎದ್ದು ಕುಳಿತು ಕಾಫಿ ಕುಡಿದಿದ್ದರು. ಆ ಸಂಜೆ ಹಬ್ಬದ ಸಿದ್ಧತೆಯ ಸಭೆ ಇತ್ತು, ಹತ್ತಾರು ಜನ ಕಾದಿದ್ದರು. “ನಾಳೆ ಪೂಜೆ ಮುಗಿಸಿ ಬರ್ತೀನಿ ಅಂತ ಹೇಳಪ್ಪ” ಎಂದು ಹುಡುಗನನ್ನು ಕಳಿಸಿದೆ. ಬೆಳಗಿನ ಜಾವ ನಾಲ್ಕಕ್ಕೆ ತಾತ ತೀರಿಕೊಂಡರು. ನಾನು ಹೋದಾಗ ಅವರ ಮಗಳು ಬಾಗಿಲಲ್ಲೇ ನಿಂತಿದ್ದಳು. “ಪರವಾಗಿಲ್ಲ ಫಾದರ್, ನಿಮಗೂ ಕೆಲಸ ಇತ್ತಲ್ಲ” ಎಂದಳು.

ಆಕೆ ಕೋಪ ಮಾಡಿಕೊಂಡಿದ್ದರೆ ನನಗೆ ಹಗುರವಾಗುತ್ತಿತ್ತು. ನಾನು ಹೇಳಬೇಕೆಂದಿದ್ದ ನೆಪವನ್ನು ಆಕೆಯೇ ನನ್ನ ಕೈಗಿಟ್ಟಳು. ಆಮೇಲೆ ಎಷ್ಟೋ ಕಾಲ ಕಳೆದು ಈ ಚಿತ್ರವನ್ನು ನೋಡಿದಾಗ, ಮೂರೂ ಆಸ್ಪತ್ರೆಗಳ ವೈದ್ಯರಲ್ಲಿ ನನ್ನ ಮುಖ ಕಂಡಿತು. ಅವರು ಹೇಳಿದ್ದರಲ್ಲಿ ಸುಳ್ಳಿರಲಿಲ್ಲ: ಅಪಘಾತ ನಿಜ, ಜಾಗವಿಲ್ಲದ್ದು ನಿಜ, ನಿಯಮ ನಿಜ. ನನ್ನ ಸಭೆಯೂ ನಿಜವೇ ಆಗಿತ್ತು. ಜೆರಿಕೋ ದಾರಿಯಲ್ಲಿ ಪಕ್ಕಕ್ಕೆ ಸರಿದು ಹೋದ ಯಾಜಕನಿಗೂ ಒಂದು ನಿಜವಾದ ಕಾರಣವಿದ್ದಿರಬೇಕು ಎಂದು ಅಲ್ಲಿಯವರೆಗೆ ನಾನು ಯೋಚಿಸಿರಲೇ ಇಲ್ಲ. ಅವನನ್ನು ಕಲ್ಲೆದೆಯವನೆಂದು ಪ್ರಬೋಧನೆಯಲ್ಲಿ ಬೈದು ಮುಗಿಸಿಬಿಡುತ್ತಿದ್ದೆ.

ರದುಲೆಸ್ಕು ಅವರ ಬರಹದ ಶಕ್ತಿ ಇದೇ. ಅವರ ಲೋಕದಲ್ಲಿ ಖಳನಾಯಕನಿಲ್ಲ, ಎಲ್ಲರಿಗೂ ಕಾರಣಗಳಿವೆ. ಆ ಕಾರಣಗಳನ್ನು ಅವರು ಗೌರವದಿಂದ, ಪೂರ್ತಿಯಾಗಿ ನಮ್ಮ ಮುಂದಿಡುತ್ತಾರೆ. ಇಟ್ಟ ಮೇಲೆ, ಅವೆಲ್ಲ ಸೇರಿದರೂ ಒಬ್ಬ ಮನುಷ್ಯನ ಪ್ರಾಣಕ್ಕೆ ಸಮವಾಗವು ಎಂಬುದು ನಮಗೇ ಹೊಳೆಯುತ್ತದೆ.

ಮನೆ, ನೆರೆಮನೆ, ಬೆಟ್ಟದ ದಾರಿ

ರಾದು ಮುಂತಿಯಾನ್ ನಿರ್ದೇಶಿಸಿದ ಚಿತ್ರಗಳಲ್ಲಿ ಇದೇ ಪ್ರಶ್ನೆ ಬೇರೆ ಬೇರೆ ರೂಪ ತಾಳುತ್ತದೆ. 2006ರ ‘ಕಾಗದ ನೀಲಿಯಾಗುವುದು’ 1989ರ ಕ್ರಾಂತಿಯ ಒಂದು ರಾತ್ರಿಯ ಕಥೆ. ದಳವನ್ನು ಬಿಟ್ಟು ಟೆಲಿವಿಷನ್ ಕೇಂದ್ರದ ಕಡೆಗೆ ಓಡಿಹೋದ ಒಬ್ಬ ಹುಡುಗನನ್ನು ಹುಡುಕಿಕೊಂಡು ಅವನ ಲೆಫ್ಟಿನೆಂಟ್ ಊರೆಲ್ಲ ಅಲೆಯುತ್ತಾನೆ, ಅವನ ತಾಯಿಯ ಮನೆಗೂ ಹೋಗುತ್ತಾನೆ. ತಪ್ಪಿಹೋದ ಒಂದು ಕುರಿಗಾಗಿ ಹೊರಟ ಕುರುಬನ ನೆನಪಾಗುತ್ತದೆ. ಆದರೆ ಗೊಂದಲದ ಗುಂಡಿನ ನಡುವೆ ಆ ವಾಹನದವರ ಗತಿ ಏನಾಗುತ್ತದೆ ಎಂಬುದನ್ನು ಚಿತ್ರ ಆರಂಭದಲ್ಲೇ ತೋರಿಸಿಬಿಟ್ಟಿರುತ್ತದೆ. ಹುಡುಕಾಟ ನಮಗೆ ಇನ್ನಷ್ಟು ಭಾರವಾಗುವುದು ಅದರಿಂದಲೇ.

2010ರ ‘ಮಂಗಳವಾರ, ಕ್ರಿಸ್ಮಸ್ ನಂತರ’ ಕುಟುಂಬಗಳು ಗಂಭೀರವಾಗಿ ಯೋಚಿಸಬೇಕಾದ ಚಿತ್ರ. ಹೆಂಡತಿ ಮಗಳಿರುವ ಪಾಲ್, ಮಗಳ ಹಲ್ಲಿನ ವೈದ್ಯೆಯನ್ನು ಪ್ರೀತಿಸುತ್ತಾನೆ. ಹಬ್ಬದ ಮುಂಚಿನ ದಿನಗಳಲ್ಲಿ ಹೆಂಡತಿಗೆ ಸತ್ಯ ಹೇಳುತ್ತಾನೆ. ಮನೆ ಒಡೆಯುತ್ತದೆ. ಆದರೂ ಕ್ರಿಸ್ತಜಯಂತಿಯ ಸಂಜೆ ಇಬ್ಬರೂ ಅಜ್ಜ ಅಜ್ಜಿಯ ಮನೆಯಲ್ಲಿ ಏನೂ ಆಗದವರಂತೆ ನಿಂತಿದ್ದಾರೆ. ಮರದಡಿ ಇಡಬೇಕಾದ ಉಡುಗೊರೆಯನ್ನು ಮಗಳಿಗೆ ಕಾಣದಂತೆ ಹೆಂಡತಿ ಗಂಡನ ಕೈಗೆ ದಾಟಿಸುತ್ತಾಳೆ. ಮುರಿದುಬಿದ್ದ ದಾಂಪತ್ಯದಲ್ಲಿ ಕೈಗಳಿಗೆ ಹಳೆಯ ಅಭ್ಯಾಸ ಇನ್ನೂ ನೆನಪಿದೆ. ದಾಂಪತ್ಯದ್ರೋಹದ ಬಗ್ಗೆ ನಾನು ಕೊಟ್ಟ ಯಾವ ಉಪನ್ಯಾಸವೂ ಆ ಒಂದು ಚಲನೆಯಷ್ಟು ಹೇಳಿಲ್ಲ. ಈ ಚಿತ್ರ ವಯಸ್ಕರಿಗೆ ಮಾತ್ರ ತಕ್ಕದ್ದು. ಮಕ್ಕಳನ್ನು ಕೂರಿಸಿಕೊಂಡು ನೋಡುವಂಥದ್ದಲ್ಲ.

2015ರ ‘ಒಂದು ಮಹಡಿ ಕೆಳಗೆ’ ಚಿತ್ರದ ನಾಯಕ, ಮೆಟ್ಟಿಲ ಮೇಲಿದ್ದಾಗ ಕೆಳಗಿನ ಫ್ಲ್ಯಾಟಿನಲ್ಲಿ ನಡೆಯುವ ಜಗಳವನ್ನು ಕೇಳಿಸಿಕೊಳ್ಳುತ್ತಾನೆ. ಆಮೇಲೆ ಅಲ್ಲಿನ ಯುವತಿ ಸತ್ತಿದ್ದಾಳೆಂಬ ಸುದ್ದಿ. ಪೊಲೀಸರು ಕೇಳಿದರೆ ತಾನು ಕೇಳಿದ್ದನ್ನು ಅವನು ಹೇಳುವುದಿಲ್ಲ. ಒಳ್ಳೆಯ ಗಂಡ, ಒಳ್ಳೆಯ ತಂದೆ, ನಾಯಿಯನ್ನು ಪ್ರೀತಿಯಿಂದ ಸಾಕುವವನು. ನಮಗೇಕೆ ಬೇಕು ಈ ಗೋಜು ಎಂದುಕೊಂಡವನು.

ಇನ್ನು 2021ರ ‘ಇಂತ್ರೆಗಾಲ್ದೆ’. ಕ್ರಿಸ್ಮಸ್‌ಗೆ ಮೊದಲು ಟ್ರಾನ್ಸಿಲ್ವೇನಿಯಾದ ಬೆಟ್ಟದ ಹಳ್ಳಿಗಳ ಬಡವರಿಗೆ ಆಹಾರದ ಪೊಟ್ಟಣ ಹಂಚಲು ಪಟ್ಟಣದಿಂದ ಸ್ವಯಂಸೇವಕರು ಬಂದಿದ್ದಾರೆ. ಅವರಲ್ಲಿ ಮೂವರು ಕಾಡುದಾರಿಯಲ್ಲಿ ಒಬ್ಬ ಮುದುಕನನ್ನು ಕಾರಿಗೆ ಹತ್ತಿಸಿಕೊಳ್ಳುತ್ತಾರೆ. ಅವನಿಗೆ ವೃದ್ಧಾಪ್ಯದ ಮರೆವು. ಅವನ ಮಾತು ನಂಬಿ ಹೋದ ದಾರಿಯಲ್ಲಿ ಕಾರು ಕೆಸರಿನಲ್ಲಿ ಹೂತುಹೋಗುತ್ತದೆ. ಕತ್ತಲು, ಚಳಿ. ಪೊಟ್ಟಣ ಹಂಚುವಾಗ ಇದ್ದ ನಗು ಮಾಯವಾಗುತ್ತದೆ. ಒಬ್ಬರ ಮೇಲೊಬ್ಬರು ರೇಗುತ್ತಾರೆ. ಮುದುಕ ಎತ್ತಲೋ ನಡೆದುಹೋದಾಗ, ಅವನನ್ನು ಹುಡುಕಿಕೊಂಡು ಹೋಗಬೇಕೇ ಬೇಡವೇ ಎಂಬ ಚರ್ಚೆ ನಡೆಯುತ್ತದೆ. ವರ್ಷಕ್ಕೊಮ್ಮೆ ಅನಾಥಾಲಯಕ್ಕೆ ಹೋಗಿ, ಹಣ್ಣು ಹಂಚಿ, ಫೋಟೊ ತೆಗೆಸಿಕೊಂಡು ಮರಳುವ ನಮ್ಮ ಸಂಘಗಳಿಗೆ ಈ ಚಿತ್ರವನ್ನು ತೋರಿಸಬೇಕೆಂದು ನನ್ನ ಆಸೆ. ಕೊಡುವುದು ಸುಲಭ, ಕೊಟ್ಟ ಮೇಲೆ ಅವರೊಡನೆ ಒಂದು ರಾತ್ರಿ ಕಳೆಯಬೇಕಾಗಿ ಬಂದರೆ?

ತಾಯಿಯ ಪ್ರೀತಿಯೂ ನನ್ನ ತಕರಾರೂ

2013ರಲ್ಲಿ ಬರ್ಲಿನ್ ಚಿತ್ರೋತ್ಸವದ ಅತ್ಯುನ್ನತ ಗೌರವವಾದ ಸ್ವರ್ಣ ಕರಡಿಯನ್ನು ಗೆದ್ದ ಚಿತ್ರ, ನೆಟ್ಸರ್ ನಿರ್ದೇಶನದ ‘ಮಗುವಿನ ಭಂಗಿ’. ಇದನ್ನೂ ರದುಲೆಸ್ಕು ನಿರ್ದೇಶಕರೊಡನೆ ಸೇರಿ ಬರೆದರು. ಲಜರೆಸ್ಕುವಿನ ಜೊತೆಗೆ ರಾತ್ರಿಯಿಡೀ ಅಲೆದ ಅದೇ ಲುಮಿನಿತ್ಸಾ ಗಿಯೋರ್ಗಿಯು ಇಲ್ಲಿ ಸಿರಿವಂತ ತಾಯಿ ಕೊರ್ನೆಲಿಯಾ. ಅವಳ ಮಗ ಅತಿವೇಗದಲ್ಲಿ ಕಾರು ಓಡಿಸಿ ಬಡ ಕುಟುಂಬದ ಹುಡುಗನೊಬ್ಬನನ್ನು ಕೊಂದಿದ್ದಾನೆ. ಮಗ ಜೈಲಿಗೆ ಹೋಗದಂತೆ ತಡೆಯಲು ಅವಳು ಪೊಲೀಸ್ ಠಾಣೆಯಲ್ಲಿ ಪ್ರಭಾವ ಬೀರುತ್ತಾಳೆ, ಸಾಕ್ಷಿಯೊಡನೆ ಚೌಕಾಶಿಗೆ ಕೂರುತ್ತಾಳೆ. ಅವಳೂ ಬಿಟ್ಟುಹೋಗದವಳೇ. ಬಿಟ್ಟುಹೋಗದಿರುವುದು ಯಾವಾಗಲೂ ಪ್ರೀತಿಯಲ್ಲ, ಕೆಲವೊಮ್ಮೆ ಅದು ಹಿಡಿತ ಎಂಬುದನ್ನು ಈ ಚಿತ್ರ ತೋರಿಸುತ್ತದೆ. ಒಬ್ಬಳೇ ನಟಿ ಈ ಎರಡೂ ಪಾತ್ರಗಳಲ್ಲಿ ಕಾಣಿಸಿಕೊಂಡಿರುವುದು ನೋಡುವವರ ಪಾಲಿಗೆ ದೊಡ್ಡ ಪಾಠ. ಗಿಯೋರ್ಗಿಯು 2021ರಲ್ಲಿ ತೀರಿಕೊಂಡರು.

ಕೊನೆಗೆ ತಾಯಿ, ಸತ್ತ ಹುಡುಗನ ಮನೆಗೆ ಹೋಗುತ್ತಾಳೆ. ಮಗ ಕಾರಿನಲ್ಲೇ ಕುಳಿತಿದ್ದಾನೆ. ಒಳಗೆ ಅವಳು ಅಳುತ್ತ ತನ್ನ ಮಗನ ಬಗ್ಗೆಯೇ ಮಾತನಾಡುತ್ತಾಳೆ. ಅವಳು ಹೊರಬಂದ ಮೇಲೆ ಮಗ ಒಬ್ಬನೇ ಕಾರಿನಿಂದಿಳಿದು ಆ ತಂದೆಯ ಎದುರು ನಿಲ್ಲುತ್ತಾನೆ. ಏನು ಮಾತಾಯಿತೋ ನಮಗೆ ಕೇಳಿಸುವುದಿಲ್ಲ. ಪಾಪನಿವೇದನೆಯ ಪೀಠದಲ್ಲಿ ವರ್ಷಗಟ್ಟಲೆ ಕುಳಿತವನಾಗಿ ಹೇಳುತ್ತೇನೆ: ಆ ಮಾತು ನಮಗೆ ಕೇಳಿಸಬಾರದು. ಅದು ಅವರಿಬ್ಬರ ನಡುವಿನದು.

ಆದರೆ ನನ್ನದೊಂದು ತಕರಾರಿದೆ. ಈ ಚಿತ್ರದ ಸತ್ತ ಹುಡುಗನಿಗೆ ಮುಖವಿಲ್ಲ. ‘ಒಂದು ಮಹಡಿ ಕೆಳಗೆ’ ಚಿತ್ರದ ಯುವತಿಯೂ ನಮಗೆ ಹೆಚ್ಚುಕಡಿಮೆ ಅಪರಿಚಿತಳಾಗಿಯೇ ಸಾಯುತ್ತಾಳೆ. ತಪ್ಪು ಮಾಡಿದವರ, ಮೌನವಾಗಿದ್ದವರ ಮನಸ್ಸನ್ನು ಇಷ್ಟು ಸೂಕ್ಷ್ಮವಾಗಿ ಬಿಡಿಸಿ ತೋರಿಸುವ ಬರಹಗಾರ, ನೊಂದವರಿಗೆ ಅಷ್ಟೇ ಸಮಯ ಕೊಡದಿದ್ದರೆ, ಅರ್ಥಮಾಡಿಕೊಳ್ಳುವುದು ಮೆಲ್ಲಗೆ ಮನ್ನಿಸುವುದಾಗಿಬಿಡುವ ಅಪಾಯವಿದೆ. ಲಜರೆಸ್ಕುವಿನ ಕಥೆ ಉಳಿದವುಗಳಿಗಿಂತ ಎತ್ತರದಲ್ಲಿ ನಿಲ್ಲುವುದು ಈ ಕಾರಣಕ್ಕೇ. ಅಲ್ಲಿ ಮೊದಲು ನಾವು ಗಾಯಗೊಂಡವನ ಮನೆಯಲ್ಲಿ ಕುಳಿತೆವು. ಆಮೇಲಷ್ಟೇ ದಾರಿಹೋಕರ ಕಾರಣಗಳನ್ನು ಕೇಳಿದೆವು. ಆ ಕ್ರಮ ಮುಖ್ಯ.

ಹಾಗೆಯೇ, ಈ ಚಿತ್ರಗಳಲ್ಲಿ ಭರವಸೆ ತೀರ ಕಡಿಮೆ ಎಂದು ದೂರುವವರಿದ್ದಾರೆ. ಪೂರ್ತಿ ಒಪ್ಪಲಾರೆ. ಮಿಯೊಆರಾ ಇದ್ದಾಳೆ. ಉಡುಗೊರೆ ದಾಟಿಸುವ ಕೈಯಿದೆ. ಕಾರಿನ ಬಾಗಿಲು ತೆರೆದು ಕೊನೆಗೂ ಇಳಿಯುವ ಮಗನಿದ್ದಾನೆ. ಭರವಸೆ ಅಲ್ಲಿ ಸಣ್ಣ ಕೆಲಸಗಳ ರೂಪದಲ್ಲಿದೆ, ಭಾಷಣದ ರೂಪದಲ್ಲಿಲ್ಲ.

ಮುಗಿಸುವ ಮುನ್ನ

ರದುಲೆಸ್ಕು ಮುಂದೆ ಜರ್ಮನಿಯ ಕಾರ್ಲ್ಸ್‌ರೂಹೆಯ ಕಲಾವಿದ್ಯಾಲಯದಲ್ಲಿ ಬೋಧಕರಾಗಿಯೂ ದುಡಿದಿದ್ದಾರೆ. 2009ರಲ್ಲಿ ಮೆಲಿಸಾ ದೆ ರಾಫ್ ಅವರೊಡನೆ ತಾವೇ ಒಂದು ಚಿತ್ರವನ್ನು ನಿರ್ದೇಶಿಸಿದರು. ನೆದರ್ಲೆಂಡ್ಸ್‌ನಲ್ಲಿ ನೆಲೆಸಿದ ಫೆಲಿಚಿಯಾ ತವರಿಗೆ ಬಂದು ಹೊರಡುವ ದಿನ ವಿಮಾನ ತಪ್ಪಿಸಿಕೊಳ್ಳುತ್ತಾಳೆ. ತಾಯಿ ಮಗಳು ವಿಮಾನ ನಿಲ್ದಾಣದಲ್ಲಿ ಉಳಿಯುತ್ತಾರೆ. ವರ್ಷಗಳಿಂದ ಆಡದೆ ಬಿಟ್ಟ ಮಾತು ಆಗ ಹೊರಬರುತ್ತದೆ. ಮಕ್ಕಳನ್ನು ಗಲ್ಫಿಗೋ ಕೆನಡಾಕ್ಕೋ ಕಳಿಸಿ, ರಜೆಯ ದಿನಗಳನ್ನು ಎಣಿಸುವ ನಮ್ಮ ತಂದೆತಾಯಿಯರಿಗೆ ಈ ಕಥೆಯನ್ನು ನಾನು ವಿವರಿಸಬೇಕಾಗಿಲ್ಲ.

ಈ ಚಿತ್ರಗಳು ನಮ್ಮ ಊರಿನ ಟಾಕೀಸುಗಳಿಗೆ ಬರುವಂಥವಲ್ಲ. ದೊರೆತರೆ, ಅಡಿಬರಹದ ನೆರವಿನಿಂದ, ಹಿರಿಯರು ಕುಳಿತು ‘ಶ್ರೀ ಲಜರೆಸ್ಕು ಅವರ ಮರಣ’ವನ್ನೊಮ್ಮೆ ನೋಡಿ. ಮೊದಲರ್ಧ ಗಂಟೆ ತಾಳ್ಮೆ ಬೇಕು. ಆ ತಾಳ್ಮೆಯೇ ಚಿತ್ರ ನಮ್ಮಿಂದ ಬೇಡುವ ಮೊದಲ ದಯೆ.

ನೋಡಲು ಆಗದಿದ್ದರೂ ಚಿಂತೆಯಿಲ್ಲ. ನಿಮ್ಮ ಬೀದಿಯಲ್ಲಿ, ನಿಮ್ಮ ವಠಾರದಲ್ಲಿ ಒಂಟಿಯಾಗಿರುವ ಒಬ್ಬ ಹಿರಿಯರಿರಬಹುದು. ಸಣ್ಣ ಸಣ್ಣದಕ್ಕೂ ಕರೆಯುವವರು, ಹೇಳಿದ್ದನ್ನೇ ಹೇಳುವವರು, ಸ್ವಲ್ಪ ಕುಡಿಯುವವರೂ ಇರಬಹುದು. ಮುಂದಿನ ಸಲ ಅವರಿಂದ ಕರೆ ಬಂದಾಗ ನಿಮಗೆ ಕೆಲಸವಿರುತ್ತದೆ, ಇದ್ದೇ ಇರುತ್ತದೆ. ನನಗೂ ಇತ್ತು. ಈಗ ನಾನು, ಹುಡುಗನೊಬ್ಬ ಓಡಿಬಂದರೆ, ಚಪ್ಪಲಿ ಮೆಟ್ಟಿಕೊಂಡು ಅವನ ಹಿಂದೆಯೇ ಹೊರಡುತ್ತೇನೆ. ಎಷ್ಟೋ ಸಲ ಅಲ್ಲಿ ತಾತನೊಬ್ಬರು ಎದ್ದು ಕುಳಿತು ಕಾಫಿ ಕುಡಿಯುತ್ತಿರುತ್ತಾರೆ. ನನಗೂ ಒಂದು ಲೋಟ ಕೊಡುತ್ತಾರೆ.